ಆಲೆಮನೆಗೆ ಬಂದ ನಾಲ್ಕು ಸೀನಿನ ನಟ

ಆಲೆಮನೆಯ ವಾಸನೆ ಸಿಹಿ ಎಂದು ಬರೆಯುವವರು ಯಾರೂ ಆಲೆಮನೆಯ ಪಕ್ಕದಲ್ಲಿ ಬಾಳಿದವರಲ್ಲ. ಹೊಗೆ, ಹುಳಿ, ಕಾದ ಕಬ್ಬಿಣ, ನೆನೆದ ಕಬ್ಬಿನ ಸಿಪ್ಪೆ ಎಲ್ಲ ಸೇರಿದ ಗಡುಸು ವಾಸನೆ ಅದು. ಸೀರೆಗೆ ಹತ್ತಿದರೆ ಎರಡು ಒಗೆತಕ್ಕೂ ಬಿಡುವುದಿಲ್ಲ. ಹೋದ ತಿಂಗಳು ಕೆ.ಆರ್. ಪೇಟೆಯಲ್ಲಿ ತಮ್ಮನ ಮಗಳ ಮದುವೆ ಮುಗಿಸಿಕೊಂಡು ಮೈಸೂರಿಗೆ ವಾಪಸ್ಸು ಬರುತ್ತಿದ್ದೆ. ಚಿನಕುರಳಿ ಹತ್ತಿರವಾಗುತ್ತಿದ್ದಂತೆ ಬಸ್ಸಿನ ಕಿಟಕಿಯಿಂದ ಅದೇ ವಾಸನೆ ನುಗ್ಗಿತು. ಪಕ್ಕದಲ್ಲಿದ್ದ ಹುಡುಗಿ ಮೂಗು ಮುಚ್ಚಿಕೊಂಡು ಗಾಜು ಎಳೆದಳು. ನಾನು ಮತ್ತೆ ಸರಿಸಿದೆ. ಅವಳು ದುರುಗುಟ್ಟಿದಳು. "ಸ್ವಲ್ಪ ತಡಿಯಮ್ಮ, ಈ ವಾಸನೇಲಿ ನಮ್ಮ ಬಿಶನ್ ಬಾಬು ಇದ್ದಾರೆ" ಎಂದುಬಿಟ್ಟೆ. ಮುದುಕಿಗೆ ಎಲ್ಲೋ ಒಂದು ಸ್ಕ್ರೂ ಸಡಿಲ ಎಂದುಕೊಂಡಿರಬೇಕು, ಎದ್ದು ಹಿಂದಿನ ಸೀಟಿಗೆ ಹೋದಳು. ಒಳ್ಳೆಯದೇ ಆಯಿತು, ಕಿಟಕಿ ಪೂರ್ತಿ ನನಗೇ ಸಿಕ್ಕಿತು.

ತೊಂಬತ್ತರ ದಶಕದ ಒಂದು ಚಳಿಗಾಲ. ಚಿನಕುರಳಿಯ ಹೈಸ್ಕೂಲಿನಲ್ಲಿ ನಾನು ಹಿಂದಿ ಟೀಚರು. ಹುಟ್ಟೂರು ನಾಗಮಂಗಲ, ಅಪ್ಪ ಅಕ್ಕಸಾಲಿ. ಒಂಟಿ ಹೆಂಗಸಿಗೆ ಬಾಡಿಗೆ ಮನೆ ಯಾರು ಕೊಡುತ್ತಾರೆ ಎಂದು ಅಳುಕಿಕೊಂಡು ಬಂದವಳಿಗೆ ಊರಾಚೆಯ ಆಲೆಮನೆಯ ನಿಂಗವ್ವ ತಮ್ಮ ಮನೆಯ ಮುಂದಿನ ಕೋಣೆ ಬಿಟ್ಟುಕೊಟ್ಟಿದ್ದರು. ಎಪ್ಪತ್ತು ದಾಟಿದ ಜೀವ, ಬಾಯಿ ಮಾತ್ರ ಬೊಂಬಾಯಿ. ಅವರ ಮಗ ಕಾಳೇಗೌಡ ಆಲೆಮನೆ ನಡೆಸುತ್ತಿದ್ದ. ಪಾಕದ ಹದ ನೋಡುವವನೂ ಅವನೇ. ತಾಯಿ ಇಡೀ ದಿನ ಮಾತಾಡಿದರೆ ಮಗ ದಿನಕ್ಕೆ ಆಡುತ್ತಿದ್ದದ್ದು ಒಂದೇ ಮಾತು, ಅದೂ ಕೂಗಿ: "ಇಳಿಸ್ರುಲಾ!"

ಆ ಕೂಗಿನ ವಿಷಯ ಹೇಳಬೇಕು. ಕೊಪ್ಪರಿಗೆಯಲ್ಲಿ ಕುದಿಯುವ ಕಬ್ಬಿನ ಹಾಲು ಗಟ್ಟಿಯಾಗುತ್ತಾ ಬಂದು ಒಂದು ಗಳಿಗೆಯಲ್ಲಿ ಹದಕ್ಕೆ ನಿಲ್ಲುತ್ತದೆ. ಆಗಲೇ ಕೊಪ್ಪರಿಗೆ ಇಳಿಸಿ ಮರದ ತೊಟ್ಟಿಗೆ ಬಗ್ಗಿಸಬೇಕು. ತಡವಾದರೆ ತಳ ಹತ್ತಿ ಬೆಲ್ಲ ಕಪ್ಪಾಗಿ ಕಹಿಯಾಗುತ್ತದೆ. ಅದಕ್ಕೇ ಹದ ನೋಡುವವನು ಕೂಗಿದರೆ ಬೀಡಿ ಸೇದುವವನು, ಉಣ್ಣುವವನು, ಜಗಳವಾಡುವವನು, ಎಲ್ಲರೂ ಇದ್ದದ್ದನ್ನು ಇದ್ದಲ್ಲೇ ಬಿಸಾಕಿ ಓಡಿಬಂದು ಕೈ ಹಾಕಬೇಕು. ಯಾಕೆ, ಏನು ಎಂದು ಕೇಳುವ ಹಾಗಿಲ್ಲ. ಆ ಊರಿನಲ್ಲಿ ಪೊಲೀಸರ ಮಾತಿಗೂ ಅಷ್ಟು ಬೆಲೆ ಇರಲಿಲ್ಲ.

ಇಂಥ ಜಾಗಕ್ಕೆ ಹಿಂದಿ ಸಿನಿಮಾದವರು ಬರುತ್ತಾರೆ ಎಂದು ಸುದ್ದಿಯಾಯಿತು. ಬೆಲ್ಲ ಮಾಡುವ ಒಬ್ಬ ಮುದುಕನ ಕಥೆಯಂತೆ. ಮಾತಿಗೆ ಹಿಂದಿ ಬಲ್ಲವರು ಬೇಕೆಂದಾಗ ಹೆಡ್‌ಮಾಸ್ಟರು ನನ್ನತ್ತ ಬೆರಳು ತೋರಿಸಿದರು. ಮಾತಾಡಲು ಬಂದಿದ್ದ ಸಿನಿಮಾ ಮ್ಯಾನೇಜರನನ್ನು ಮುದುಕನ ಪಾರ್ಟು ಯಾರದು ಎಂದು ಕೇಳಿದೆ.

"ಬಿಶನ್ ದಯಾಳ್."

"ಯಾರು? ನಾಲ್ಕು ಸೀನಿನ ಬಿಶನ್ ದಯಾಳ್?" ಎಂದು ಕಿರುಚಿಯೇಬಿಟ್ಟೆ. ಮ್ಯಾನೇಜರು ಬೆಚ್ಚಿದ. ನನ್ನ ಕಿರುಚಾಟಕ್ಕೆ ಕಾರಣವಿತ್ತು. ನಾಗಮಂಗಲದ ಟೆಂಟಿಗೆ ಯಾವಾಗಲಾದರೂ ಹಿಂದಿ ಚಿತ್ರ ಬಂದರೆ ಅಪ್ಪ ಅವತ್ತು ಕುಲುಮೆ ಆರಿಸಿ ನನ್ನನ್ನು ಕರೆದುಕೊಂಡು ಹೋಗುತ್ತಿದ್ದ. ಹೀರೋಗಾಗಿ ಅಲ್ಲ. "ಈರೋನ ನೋಡಕ್ಕೆ ಊರೆಲ್ಲ ಐತೆ ಕಣವ್ವ, ನಾವು ಇವುನ್ನ ನೋಡಾನ" ಎಂದು ಮುಖವಿಲ್ಲದ ಆ ನಟನನ್ನು ಕಾಯುತ್ತಿದ್ದ. ಮುಖವಿಲ್ಲದ ಎಂದದ್ದು ಬೈಗುಳವಲ್ಲ. ಒಂದು ಚಿತ್ರದಲ್ಲಿ ಅಂಚೆಯವನು, ಇನ್ನೊಂದರಲ್ಲಿ ಡಕಾಯಿತ, ಮತ್ತೊಂದರಲ್ಲಿ ಕುರುಡ ಹಾಡುಗಾರ. ವಕೀಲನಾದರೆ ಅವನ ಕೋರ್ಟಿಗೆ ಹೋಗಲು ಹೆದರಿಕೆ, ಕುಡುಕನಾದರೆ ನಮಗೇ ತೂರಾಟ. ಒಂದು ಹಾಸ್ಯದ ಚಿತ್ರದಲ್ಲಿ ಸೀರೆಯುಟ್ಟು ಅತ್ತೆಯಾಗಿ ಬಂದಾಗ ಅಪ್ಪ ಅರ್ಧ ಚಿತ್ರ ಮುಗಿಯುವವರೆಗೂ ಗುರುತು ಹಿಡಿಯಲಿಲ್ಲ. ಹಿಡಿದ ಮೇಲೆ ಬೆಂಚು ಗುದ್ದಿ ಗುದ್ದಿ ನಕ್ಕ. ಎಲ್ಲದರಲ್ಲೂ ನಾಲ್ಕೇ ಸೀನು. ನಾಲ್ಕನೆಯದರಲ್ಲಿ ಸಾವು. ನಾನು ಹಿಂದಿ ಕಲಿತದ್ದೇ ಅವರು ಏನು ಹೇಳಿಕೊಂಡು ಸಾಯುತ್ತಾರೆ ಎಂದು ತಿಳಿದುಕೊಳ್ಳಲು ಅಂದರೆ ಸುಳ್ಳಲ್ಲ.

ಸಿನಿಮಾದ ದಂಡು ಬರುವುದಕ್ಕೆ ಮೊದಲೇ ಕೆಲಸ ಕಲಿಯಲು ಅವರೊಬ್ಬರೇ ಬರುತ್ತಾರೆ ಎಂದರು. ಊರಿನ ಮುಖಂಡರು ಹಾರ ಹಿಡಿದು ರಸ್ತೆಯಲ್ಲಿ ನಿಂತರು. ನಮ್ಮ ಸ್ಕೂಲಿನ ಬ್ಯಾಂಡೂ ನಿಂತಿತು. ಕಾರು ಬರುತ್ತದೆಂದು ಕಾದದ್ದೇ ಕಾದದ್ದು. ಪಾಂಡವಪುರದ ಬಸ್ಸು ಬಂತು, ನಾಲ್ಕು ಜನ ಇಳಿದರು, ಹೋಯಿತು. ಬಿಸಿಲು ನೆತ್ತಿಗೆ ಬಂದ ಮೇಲೆ ಬ್ಯಾಂಡಿನ ಮಕ್ಕಳನ್ನು ಮನೆಗೆ ಕಳಿಸಿ, ಸಿನಿಮಾದವರಿಗೆ ಮನಸ್ಸಿನಲ್ಲೇ ಸಹಸ್ರನಾಮ ಹೇಳುತ್ತಾ ಆಲೆಮನೆಗೆ ಬಂದರೆ, ಸಿಪ್ಪೆಯ ರಾಶಿಗೆ ಒರಗಿ ಒಬ್ಬ ಬಡಕಲು ಮನುಷ್ಯ ಹಲ್ಲಿನಲ್ಲಿ ಕಬ್ಬು ಸಿಗಿಯುತ್ತಾ ಕೂತಿದ್ದ.

"ಯಾರು ನಿಂಗವ್ವ ಇವರು?"

"ಯಾರೋ ದನದ ಯಾಪಾರದೋರು ಕಣವ್ವ. ಮಾತು ಬರಕಿಲ್ಲ, ಮೂಗ ಇರ್ಬೇಕು ಪಾಪ. ಆಲೆಮನೇಗೆ ಬಂದೋರ್ನ ಅಂಗೇ ಕಳ್ಸಾಕಾಯ್ತದಾ? ಎಲ್ಡ್ ಚೊಂಬು ಕಬ್ಬಿನಾಲು ಕುಡಿಸ್ದೆ."

ಆ ಮೂಗ ಎದ್ದು ಕೈ ಜೋಡಿಸಿ, "ನಮಸ್ತೇ ಟೀಚರ್ ಜೀ" ಎಂದ. ದನಿ ಕೇಳಿದ್ದೇ ಮೈಯೆಲ್ಲ ಜುಮ್ಮೆಂದಿತು. ಟೆಂಟಿನ ಬೆಂಚಿನ ಮೇಲೆ ಅಪ್ಪನ ಪಕ್ಕದಲ್ಲಿ ಕೂತು ಕೇಳಿದ್ದ ದನಿ. ಅಯ್ಯೋ ನನ್ನ ಮಂಕುತನವೇ, ಹಾರ ಹಿಡಿದವರ ಮುಂದೆಯೇ ಬಸ್ಸಿನಿಂದಿಳಿದು, ಹಾಸಿಗೆ ಸುರುಳಿ ಹೆಗಲಿಗೇರಿಸಿಕೊಂಡು, ಬ್ಯಾಂಡು ಬಾರಿಸುವವರಿಗೆ ದಾರಿ ಬಿಟ್ಟು ನಡೆದುಬಂದಿದ್ದರು! ಯಾಕೆ ಸುಮ್ಮನೆ ಬಂದಿರಿ ಎಂದರೆ, "ಯಾರೋ ದೊಡ್ಡವರು ಬರುತ್ತಿದ್ದಾರೆ ಎಂದುಕೊಂಡೆ" ಎಂದರು. ನಟನೆಯಲ್ಲ, ನಿಜವಾಗಿಯೂ ಹಾಗೇ ಅಂದುಕೊಂಡಿದ್ದರು. ಐವತ್ತೆಂಟರ ವಯಸ್ಸಿನಲ್ಲಿ ಅವರಿಗೆ ಮೊದಲ ಸಲ ಮುಖ್ಯ ಪಾರ್ಟು ಸಿಕ್ಕಿತ್ತು. ಹಾರ ಹಾಕಿಸಿಕೊಂಡು ಅಭ್ಯಾಸವೇ ಇರಲಿಲ್ಲ.

ಮಾರನೆಯ ಬೆಳಿಗ್ಗೆಯಿಂದ ಕಾಳೇಗೌಡನ ಬೆನ್ನಿಗೆ ಬಿದ್ದರು. ಪಾಕ ಕಲಕುವುದು, ಮೇಲೆ ಬಂದ ಮಡ್ಡಿ ತೆಗೆಯುವುದು, ಹದ ನೋಡಲು ಒಂದು ತೊಟ್ಟನ್ನು ನೀರಿಗೆ ಬಿಟ್ಟು ಉಂಡೆ ಕಟ್ಟುವುದು, ಇವನ್ನೆಲ್ಲ ಯಾರು ಬೇಕಾದರೂ ಕಲಿಯಬಹುದು. ಅವರು ಕಲಿತದ್ದು ಬೇರೆ. ಹಬೆ ಮುಖಕ್ಕೆ ಹೊಡೆದಾಗ ಕಾಳೇಗೌಡ ಕಣ್ಣು ಮುಚ್ಚುವುದಿಲ್ಲ, ಗದ್ದ ಮಾತ್ರ ಹೊರಳಿಸುತ್ತಾನೆ. ನಿಂತು ನಿಂತು ಎಡಗಾಲು ಸೋತಾಗ ಬಲಗೈ ಸೊಂಟಕ್ಕೆ ಹೋಗುತ್ತದೆ. ಅಷ್ಟು ವರ್ಷ ಒಂದೇ ಮನೆಯಲ್ಲಿದ್ದು ನಾನು ಕಂಡಿರಲಿಲ್ಲ. ಒಂದು ವಾರದೊಳಗೆ ದೂರದಿಂದ ನೋಡಿದರೆ ಒಲೆಯ ಮುಂದೆ ಇಬ್ಬರು ಕಾಳೇಗೌಡರು. ನಿಂಗವ್ವನೇ ಒಂದು ಸಲ ಬಿಶನ್ ಬಾಬುವಿನ ಬೆನ್ನಿಗೆ ಗುದ್ದಿ, "ಉಣ್ಣಾಕೆ ಬರಕಿಲ್ವೇನ್ಲಾ, ಮುದ್ದೆ ಆರೋಯ್ತದೆ" ಎಂದುಬಿಟ್ಟರು. ತಿರುಗಿದ ಮುಖ ನೋಡಿ ನಾಲಿಗೆ ಕಚ್ಚಿಕೊಂಡರು. ಬಿಶನ್ ಬಾಬುವಿಗೆ ಅದಕ್ಕಿಂತ ದೊಡ್ಡ ಪ್ರಶಸ್ತಿ ಬೇಕಿರಲಿಲ್ಲ. ಮುದ್ದೆಯನ್ನು ಕಷ್ಟಪಟ್ಟು ನುಂಗುತ್ತಾ ಸಂಜೆಯವರೆಗೂ ಅದನ್ನೇ ಹೇಳಿಕೊಂಡು ನಕ್ಕರು.

ಒಮ್ಮೆ ಮಾತ್ರ ಎಡವಟ್ಟಾಯಿತು. ಹಾಲು ಇನ್ನೂ ಅರೆಬರೆ ಕುದಿಯುತ್ತಿದ್ದಾಗ ತಮಾಷೆಗೆ ಕಾಳೇಗೌಡನ ದನಿಯಲ್ಲಿ "ಇಳಿಸ್ರುಲಾ!" ಎಂದುಬಿಟ್ಟರು. ದನಿ ಎಷ್ಟು ಸರಿಯಾಗಿತ್ತೆಂದರೆ ಎತ್ತಿಗೆ ಹುಲ್ಲು ಹಾಕುತ್ತಿದ್ದವನಿಂದ ಹಿಡಿದು ಎಲ್ಲರೂ ಓಡಿಬಂದು ಕೊಪ್ಪರಿಗೆಗೆ ಕೈ ಹಾಕಿದರು. ಕಾಳೇಗೌಡ ಅಡ್ಡ ಬಂದು ತಡೆದ. ಅವನು ಅಷ್ಟುದ್ದ ಮಾತಾಡಿದ್ದನ್ನು ನಾನು ಕೇಳಿದ್ದು ಅವತ್ತೇ.

"ಯೋಳಿ ಟೀಚರಮ್ಮ ಅವ್ರಿಗೆ. ಆಟ ಆಡೋ ಮಾತಲ್ಲ ಅದು. ಇವತ್ತು ಸುಳ್ಳೇ ಕೂಗುದ್ರೆ ನಾಳೆ ನಿಜ ಕೂಗ್ದಾಗ ಯಾರು ಬತ್ತಾರೆ?"

ನಾನು ಹಿಂದಿಯಲ್ಲಿ ಹೇಳುವ ಮೊದಲೇ ಬಿಶನ್ ಬಾಬುವಿನ ಮುಖ ಸಣ್ಣದಾಗಿತ್ತು. ಕೊಪ್ಪರಿಗೆಯ ಅಂಚು ಮುಟ್ಟಿ ಕಣ್ಣಿಗೊತ್ತಿಕೊಂಡು, ಹದ ಬರದೆ ಆ ಮಾತು ಇನ್ನು ನನ್ನ ಬಾಯಿಂದ ಬರುವುದಿಲ್ಲ ಎಂದರು. ಕಾಳೇಗೌಡ ತಲೆ ಅಲ್ಲಾಡಿಸಿ ಒಲೆಗೆ ಸಿಪ್ಪೆ ತಳ್ಳಿದ. ಅಲ್ಲಿಗೆ ಮುಗಿಯಿತು.

ಸಂಜೆಗಳಲ್ಲಿ ಜಗಲಿಯ ಮೇಲೆ ಅವರ ಕಥೆ. ಉತ್ತರದ ಯಾವುದೋ ಸಣ್ಣ ಊರಿನಲ್ಲಿ ಮಿಠಾಯಿ ಅಂಗಡಿಯವನ ಮಗ. ಸಕ್ಕರೆ ಪಾಕ ಕಲಕುವುದು ಬೇಡವೆಂದು ನಾಟಕದವರ ಹಿಂದೆ ಓಡಿಹೋದವರು. ಬೊಂಬಾಯಿಯಲ್ಲಿ ಸಿನಿಮಾ ದರ್ಜಿಯೊಬ್ಬನ ಹತ್ತಿರ ಗುಂಡಿ ಹೊಲಿಯುತ್ತಾ, ಯಾರ ಅಂಗಿ ತೊಟ್ಟರೆ ಯಾರ ಹಾಗೆ ನಡೆಯಬೇಕು ಎಂದು ಅಲ್ಲೇ ಕಲಿತರಂತೆ. ಪೇದೆಯ ಅಂಗಿ ಹೊಲಿದ ದಿನ ಪೇದೆಯ ಹಾಗೆ ಮನೆಗೆ ಹೋಗುವುದು, ಜಮೀನ್ದಾರನ ಕೋಟು ಹೊಲಿದ ದಿನ ಜಮೀನ್ದಾರನ ಹಾಗೆ. ಒಂದು ದಿನ ಪೇದೆಯ ಪಾರ್ಟಿನವನು ಬರಲಿಲ್ಲ, ಅಂಗಿ ತಂದವನಿಗೇ ತೊಡಿಸಿದರು. ಅಲ್ಲಿಂದ ಮೂವತ್ತು ವರ್ಷ ಯಾರು ಏನು ಕೊಟ್ಟರೂ ಮಾಡಿದರು. "ಸಣ್ಣ ಪಾರ್ಟು ಎಂದು ಬೇಜಾರಿಲ್ಲವೇ?" ಎಂದು ಕೇಳಿದ್ದೆ. "ಅಂಚೆಯವನಿಗೆ ತಾನು ಸಣ್ಣ ಪಾರ್ಟು ಅಂತ ಗೊತ್ತಿರುತ್ತದೆಯೇ ಟೀಚರ್ ಜೀ? ಅವನ ಮನೆಯಲ್ಲಿ ಅವನೇ ಹೀರೋ" ಎಂದರು. ಆ ಮಾತನ್ನು ನಾನು ಆಮೇಲೆ ಎಷ್ಟು ಕ್ಲಾಸುಗಳಲ್ಲಿ ಹೇಳಿದ್ದೇನೋ.

ಅವರಿಗೆ ಸಾಯುವುದು ಚೆನ್ನಾಗಿ ಬರುತ್ತದೆ ಎಂದು ಊರಿಗೆಲ್ಲ ಹೇಳಿದವಳು ನಾನೇ. ಒಂದು ಸಂಜೆ ಆಲೆಮನೆಯ ಆಳುಗಳು ಮುತ್ತಿಕೊಂಡರು. "ಸಾರ್, ಒಂದ್ಕಿತ ಸತ್ತು ತೋರ್ಸಿ ಸಾರ್!" ಬಿಶನ್ ಬಾಬು ನಗುತ್ತಾ ಎದ್ದರು. ಹೊಟ್ಟೆಗೆ ಗುಂಡು ಬಿದ್ದರೆ ಹೀಗೆ. ಬೆನ್ನಿಗೆ ಬಿದ್ದರೆ ಹೀಗೆ, ಯಾರು ಹೊಡೆದರೆಂದು ತಿರುಗಿ ನೋಡಲು ಆಗದೆ. ವಿಷ ಕುಡಿದರೆ ಮೊದಲು ನಂಬಿಕೆಯೇ ಬರುವುದಿಲ್ಲ, ಲೋಟವನ್ನು ಮತ್ತೆ ನೋಡುತ್ತಾರೆ. ಕೊನೆಗೆ ಏನೂ ಆಗದೆ, ಜಗಲಿಯ ಕಂಬಕ್ಕೆ ಒರಗಿ ಕೂತ ಮುದುಕ ಸುಮ್ಮನೆ ಹೋಗಿಬಿಡುವ ಸಾವು. ತುಟಿ ಸ್ವಲ್ಪ ಸಡಿಲವಾಯಿತು, ಅಷ್ಟೇ. ನಗುತ್ತಿದ್ದ ಆಳುಗಳು ತಲೆಗೆ ಸುತ್ತಿದ್ದ ಟವೆಲ್ಲು ತೆಗೆದರು.

ಒಳಗಿನಿಂದ ನಿಂಗವ್ವ ಹಾಲಿನ ಲೋಟ ಹಿಡಿದು ಓಡಿಬಂದರು. ಕಂಬದ ಹತ್ತಿರ ಕೂತು, ಅವರ ತಲೆ ಎತ್ತಿ, "ಬಿಸನಪ್ಪಾ, ಏಳಪ್ಪಾ! ಬಿಸನಪ್ಪಾ, ಎದ್ದೇಳು ಮಗ!" ಎಂದು ಕೂಗಿ ತುಟಿಗೆ ಹಾಲು ಹಚ್ಚಿದರು. ಆಮೇಲೆ ನಮ್ಮ ಕಡೆ ತಿರುಗಿ ಮಂಗಳಾರತಿ.

"ಸಾಯ್ಸಿ ನೋಡ್ತಾ ಕುಂತಿದ್ದೀರೇನ್ರಲಾ, ಹಾಳಾದೋರಾ! ಎಬ್ಸೋರ್ ಯಾರು?"

ಅದು ಆ ಊರಿನ ಪದ್ಧತಿ. ಹಬ್ಬದ ನಾಟಕದಲ್ಲಿ ಯಾರ ಪಾರ್ಟು ಸಾಯುತ್ತದೋ ಅವನ ಮನೆಯ ಹೆಂಗಸು ಪರದೆಯ ಹಿಂದೆ ಹಾಲು ಹಿಡಿದು ನಿಂತಿರಬೇಕು. ಪರದೆ ಬಿದ್ದ ತಕ್ಷಣ ಅವನ ಸ್ವಂತ ಹೆಸರು ಹಿಡಿದು ಕರೆದು, ಹಾಲು ಮುಟ್ಟಿಸಿ ಎಬ್ಬಿಸಬೇಕು. ಇಲ್ಲದಿದ್ದರೆ ಪಾರ್ಟಿನ ಸಾವು ಮೈಗೆ ಅಂಟುತ್ತದೆ ಎಂದು ನಂಬಿಕೆ. ನಿಂಗವ್ವನ ಗಂಡ ಪ್ರತಿ ವರ್ಷ ರಾಜನ ಪಾರ್ಟು ಹಾಕಿ ಸಾಯುತ್ತಿದ್ದವರು. ಪ್ರತಿ ವರ್ಷವೂ ಎಬ್ಬಿಸಿದ ಕೈ ಇದು.

"ಇಷ್ಟ್ ವರ್ಸ ಸತ್ತೆಯಲ್ಲಪ್ಪಾ, ನಿನ್ನ ಯಾರು ಎಬ್ಬುಸ್ತಿದ್ರು?" ಎಂದು ಕೇಳಿದರು. ನಾನು ಹಿಂದಿಗೆ ತಿರುಗಿಸಿದೆ.

"ಯಾರೂ ಇಲ್ಲ. ನಾನೇ ಎದ್ದು ಬಟ್ಟೆ ಕೊಡವಿಕೊಂಡು ಚಾ ಕುಡಿಯಲು ಹೋಗುತ್ತಿದ್ದೆ" ಎಂದು ನಕ್ಕರು. ಆಮೇಲೆ ಆ ಸಂಜೆಯೆಲ್ಲ ನಗಲಿಲ್ಲ.

ಕಾರಣ ತಿಳಿದದ್ದು ದಂಡು ಬಂದ ಮೇಲೆ. ಮೊದಲ ದಿನಗಳ ಚಿತ್ರೀಕರಣ ಶ್ರೀರಂಗಪಟ್ಟಣದ ಕಡೆ, ಕರಿಘಟ್ಟದ ಕೆಳಗೆ, ಲೋಕಪಾವನಿ ಹೊಳೆಯ ದಂಡೆಯಲ್ಲಿ ಇತ್ತು. ಮಧ್ಯಾಹ್ನ ಮೋಡ ಕವಿದು ಕೆಲಸ ನಿಂತಾಗ ಇಬ್ಬರೂ ಮೆಟ್ಟಿಲು ಹತ್ತಿ ಅರ್ಧ ದಾರಿಯಲ್ಲಿ ಕೂತೆವು. ಕೆಳಗೆ ಗದ್ದೆ, ಹೊಳೆ, ಮೋಡದ ನೆರಳು. ಅವರು ತಾಯಿಯ ವಿಷಯ ತೆಗೆದರು.

ತಾಯಿ ಇನ್ನೂ ಇದ್ದರು, ಊರಿನಲ್ಲೇ, ಮುಚ್ಚಿದ ಮಿಠಾಯಿ ಅಂಗಡಿಯ ಮೇಲಿನ ಮನೆಯಲ್ಲಿ. ಮಗನ ಮೊದಲ ಚಿತ್ರಕ್ಕೆ ಓಣಿಯ ಹೆಂಗಸರನ್ನೆಲ್ಲ ಕಟ್ಟಿಕೊಂಡು ಹೋಗಿದ್ದರಂತೆ. ಪರದೆಯ ಮೇಲೆ ನಾಲ್ಕು ಜನ ಮಗನನ್ನು ಬಡಿದು ಬಾವಿಗೆ ಎಸೆದಾಗ, ಆಕೆ ಎದ್ದು ನಿಂತು ಕೂಗಿಕೊಂಡು ಪ್ರಜ್ಞೆ ತಪ್ಪಿದರು. ಮಗ ಓಡಿಬಂದು ಮುಂದೆ ನಿಂತರೂ ಆ ಭಯ ಹೋಗಲಿಲ್ಲ. "ನೀನು ಸಾಯದ ಚಿತ್ರ ಬಂದಾಗ ಹೇಳು, ಬರುತ್ತೇನೆ" ಎಂದರಂತೆ. ಮುಂದಿನದರಲ್ಲಿ ಸಾಯುವುದಿಲ್ಲ ಅಮ್ಮ ಎಂದು ಮಾತು ಕೊಟ್ಟ ಮಗ ಅದಾದ ಮೇಲೆ ಸಾಯುತ್ತಲೇ ಹೋದ. ಅಪರೂಪಕ್ಕೆ ಸಾಯದ ಪಾರ್ಟು ಬಂದರೆ ಕಥೆಯ ನಡುವೆ ಮಾಯ. ಅದನ್ನು ವಿವರಿಸಿದರೆ ತಾಯಿ, "ಆಮೇಲೆ ಎಲ್ಲಿ ಹೋದ? ಇದ್ದಾನೋ ಇಲ್ಲವೋ ಹೇಗೆ ಗೊತ್ತು? ಬೇಡಪ್ಪ" ಎನ್ನುತ್ತಿದ್ದರಂತೆ.

"ಈಗ ಅವಳಿಗೆ ಎಂಬತ್ತರ ಮೇಲಾಗಿದೆ" ಎಂದರು ಬಿಶನ್ ಬಾಬು. "ಮುಖ್ಯ ಪಾರ್ಟು ಎಂದಾಗ ಕುಣಿದಾಡಿಬಿಟ್ಟೆ. ಕಥೆ ಓದಿದರೆ ಕೊನೆಯ ಸೀನಿನಲ್ಲಿ ಮುದುಕ ಕೊಪ್ಪರಿಗೆಯ ಪಕ್ಕದಲ್ಲೇ ಬಿದ್ದು ಸಾಯುತ್ತಾನೆ."

"ಡೈರೆಕ್ಟರಿಗೆ ಹೇಳಬಾರದೇ?"

"ಹೇಳಿದೆ. ಸಾವೇ ನನ್ನ ಚಿತ್ರ ಎಂದ. ಅವನು ಬರೆದ ಕಥೆ, ಅವನ ಹಕ್ಕು. ನನ್ನ ತಾಯಿಗಾಗಿ ಅವನ ಕಥೆ ಕೆಡಿಸಲೇ?"

ನನಗೆ ಮೈ ಉರಿಯಿತು. ಡೈರೆಕ್ಟರು ಮೂವತ್ತು ತುಂಬದ ಹುಡುಗ, ಗಡ್ಡ ಮಾತ್ರ ಋಷಿಯದು. ಆ ಗಡ್ಡ ಹಿಡಿದು ಜಗ್ಗಿ ಬುದ್ಧಿ ಹೇಳಿಬರುತ್ತೇನೆ ಎಂದು ಎದ್ದೇ ನಿಂತೆ. ಬಿಶನ್ ಬಾಬು ಸೆರಗು ಹಿಡಿದ ಮಗುವಿನ ಹಾಗೆ ಬೇಡಿಕೊಂಡು ಕೂರಿಸಿದರು. "ಹುಡುಗ ಕೆಟ್ಟವನಲ್ಲ. ಇಷ್ಟು ವರ್ಷದಲ್ಲಿ ನನ್ನನ್ನು ನಂಬಿ ಇಡೀ ಚಿತ್ರ ಕೊಟ್ಟವನು ಅವನೊಬ್ಬನೇ" ಎಂದರು. ಆ ಮನುಷ್ಯನ ಮೇಲೆ ನನಗೆ ಹುಟ್ಟಿದ ಗೌರವಕ್ಕೆ ಕರಿಘಟ್ಟದ ಮೆಟ್ಟಿಲೇ ಸಾಕ್ಷಿ. ನಟನೆಯನ್ನು ಮೆಚ್ಚಿದ್ದು ಟೆಂಟಿನಲ್ಲಿ, ಮನುಷ್ಯನಿಗೆ ಸೋತದ್ದು ಇಲ್ಲಿ.

ಸಂಜೆ ಈ ಕಥೆಯನ್ನು ನಿಂಗವ್ವನಿಗೆ ಹೇಳಿದೆ. ನಿಂಗವ್ವ ಅತ್ತರು, ಮೂಗು ಒರೆಸಿಕೊಂಡರು, ಡೈರೆಕ್ಟರಿಗೆ ಬೈದರು. ಕೊನೆಗೆ, "ಪಾರ್ಟು ಅಂದ್ಮೇಲೆ ಪಾರ್ಟು, ಏನ್ ಮಾಡಾಕಾಯ್ತದೆ? ಎಬ್ಬುಸೋದಂತೂ ನಾನ್ ಎಬ್ಬುಸ್ತೀನಿ ಬುಡು" ಎಂದರು.

ಕೊನೆಯ ಸೀನು ಕೊನೆಯ ದಿನಕ್ಕೇ ಬಂತು. ಸಂಜೆಯ ಬೆಳಕೇ ಬೇಕೆಂದು ಹುಡುಗನ ಹಠ. ನಿಜವಾದ ಒಲೆ, ನಿಜವಾದ ಪಾಕ, ಸುತ್ತ ಕಾಳೇಗೌಡನ ಆಳುಗಳೇ. ರೀಲು ಮುಗಿಯುತ್ತಾ ಬಂದಿದೆ, ಬೆಳಕು ಹೋದರೆ ಹೋಯಿತು, ನಾಳೆ ಎಲ್ಲ ಕಟ್ಟಿಕೊಂಡು ಹೊರಡಬೇಕು, ಹಾಗಾಗಿ ಒಂದೇ ಸಲ ಎಂದು ಎಲ್ಲರಿಗೂ ಹೇಳಿದ್ದರು. ನಿಂಗವ್ವ ಹಾಲು ಹಿಡಿದು ಕ್ಯಾಮೆರಾದ ಹಿಂದೆ ನಿಂತಿದ್ದರು. "ಅವರು ಕಟ್ ಅನ್ನೋವರೆಗೂ ಅಲ್ಲಾಡಬಾರದು ನಿಂಗವ್ವ, ಪರದೆ ಬಿದ್ದ ಹಾಗೆ ಅದು" ಎಂದು ನಾನು ತಿಳಿಸಿದ್ದೆ. "ಆಯ್ತು ಕಣವ್ವ, ನನಗೇನ್ ಗೊತ್ತಾಗಲ್ವಾ?" ಎಂದಿದ್ದರು.

ಬಿಶನ್ ಬಾಬು ಕೊಪ್ಪರಿಗೆ ಕಲಕುತ್ತಿದ್ದರು. ಗದ್ದ ಹೊರಳಿತು. ಬಲಗೈ ಸೊಂಟಕ್ಕೆ ಹೋಯಿತು. ಆಮೇಲೆ ಆ ಕೈ ಮೇಲೆ ಎದೆಗೆ ಬಂದು, ಏನೋ ಮರೆತವರ ಹಾಗೆ ಅಲ್ಲೇ ನಿಂತಿತು. ಕುಸಿದು ಒಲೆಯ ಪಕ್ಕದ ಕಟ್ಟೆಗೆ ಒರಗಿದರು. ತುಟಿ ಸಡಿಲವಾಯಿತು. ನಾಟಕ ಎಂದು ನನಗೆ ಗೊತ್ತು, ಆದರೂ ಸತ್ತೇ ಹೋದರು ಅನಿಸಿತು.

ಹುಡುಗ ಕಟ್ ಎನ್ನಲಿಲ್ಲ. ಅವನಿಗೆ ಆ ಮೌನ ಬೇಕಿತ್ತು. ಕೊಪ್ಪರಿಗೆ ಕುದಿಯುತ್ತಲೇ ಇತ್ತು, ಹೆಣ ಬಿದ್ದೇ ಇತ್ತು. ಊರಿನ ನಾಟಕದಲ್ಲಿ ಒಂದು ಉಸಿರು ಬಿಡುವುದರೊಳಗೆ ಪರದೆ ಬೀಳುತ್ತದೆ. ಇಲ್ಲಿ ಬೀಳಲೇ ಇಲ್ಲ. ನಿಂಗವ್ವ ನನ್ನ ಮುಖ ನೋಡಿದರು, ಹುಡುಗನ ಮುಖ ನೋಡಿದರು, "ಇಷ್ಟೊತ್ತು ಮಲಗುಸ್ತಾರೇನವ್ವ ಹೆಣಾವಾ?" ಎಂದು ಪಿಸುಗುಟ್ಟಿದರು. ನಾನು ಕೈ ಹಿಡಿಯುವಷ್ಟರಲ್ಲಿ ನಡೆದೇಬಿಟ್ಟಿದ್ದರು. ಕ್ಯಾಮೆರಾದ ಮುಂದೆ ಹಾಯ್ದು ಹೋಗಿ, ನೆಲಕ್ಕೆ ಕೂತು, ತಲೆಯನ್ನು ತೊಡೆಗೆ ಎಳೆದುಕೊಂಡು ಒದರಿದರು:

"ಬಿಸನಪ್ಪಾ! ಏಳಪ್ಪಾ, ಎದ್ದೇಳು ಮಗ!"

ಮುಗಿಯಿತು ಕಥೆ ಎಂದು ನಾನು ತಲೆ ಮೇಲೆ ಕೈ ಹೊತ್ತೆ. ಹುಡುಗ ಕಟ್ ಎನ್ನುವುದನ್ನೇ ಮರೆತ. ಕ್ಯಾಮೆರಾ ಓಡುತ್ತಲೇ ಇತ್ತು.

ತುಟಿಗೆ ಹಾಲು ತಾಗಿತು. ಒಂದು ಕಣ್ಣು ತೆರೆಯಿತು. ಆ ಕಣ್ಣು ಬಿಶನ್ ಬಾಬುವಿನದಾಗಿರಲಿಲ್ಲ, ಬೆಲ್ಲದ ಮುದುಕನದು. ಅದು ನಿಂಗವ್ವನನ್ನು ನೋಡಲಿಲ್ಲ, ಕ್ಯಾಮೆರಾ ನೋಡಲಿಲ್ಲ, ನೇರ ಕೊಪ್ಪರಿಗೆಯತ್ತ ಹೋಯಿತು. ಮೂಗು ಅರಳಿತು. ಒಡೆದ ದನಿಯಲ್ಲಿ, ಇದ್ದ ಶಕ್ತಿಯೆಲ್ಲ ಸೇರಿಸಿ ಕೂಗಿದರು:

"ಇಳಿಸ್ರುಲಾ! ತಳ ಅತ್ಕತದೆ, ಇಳಿಸ್ರುಲಾ!"

ಅಲ್ಲಾಡಬಾರದು ಎಂದು ಆಳುಗಳಿಗೆ ನೂರು ಸಲ ಹೇಳಿತ್ತು. ಆದರೆ ಆ ಕೂಗು ಕೇಳಿದ ಮೇಲೆ ನಿಲ್ಲುವುದುಂಟೇ? ಎಲ್ಲರೂ ನುಗ್ಗಿದರು. ಕಾಳೇಗೌಡನೂ ಎಲ್ಲಿದ್ದನೋ ಹಾರಿಬಂದ. ಕೊಪ್ಪರಿಗೆ ಇಳಿಯಿತು, ಬಗ್ಗಿತು, ಹೊನ್ನಿನ ಬಣ್ಣದ ಪಾಕ ತೊಟ್ಟಿ ತುಂಬಿತು. ನಿಂಗವ್ವನ ತೊಡೆಯ ಮೇಲೆ ತಲೆಯಿಟ್ಟ ಮುದುಕ ಅದನ್ನು ನೋಡಿ ನಿಟ್ಟುಸಿರು ಬಿಟ್ಟ. ರೀಲು ಮುಗಿದು ಕ್ಯಾಮೆರಾ ತಾನಾಗಿಯೇ ನಿಂತಿತು.

ಆಮೇಲೆ ಹುಡುಗನ ಕೂಗಾಟ. ಮುದುಕಿಯನ್ನು ಬಿಟ್ಟವರು ಯಾರು, ಆಳುಗಳಿಗೆ ಬುದ್ಧಿ ಇಲ್ಲವೇ ಎಂದು ಹಾರಾಡಿ, ಪರವಾಗಿಲ್ಲ, ಬಿದ್ದಲ್ಲಿಗೇ ಕತ್ತರಿಸಿದರೆ ಸತ್ತ ಹಾಗೇ ಆಗುತ್ತದೆ ಎಂದ. ಬಿಶನ್ ಬಾಬು ಧೂಳು ಕೊಡವಿಕೊಂಡು ಎದ್ದರು. "ನಿನ್ನ ಚಿತ್ರ, ನಿನ್ನ ಕತ್ತರಿ. ಕತ್ತರಿಸುವ ಮೊದಲು ಒಂದು ಸಲ ಪೂರ್ತಿ ನೋಡು, ಅಷ್ಟೇ ಕೇಳುತ್ತೇನೆ" ಎಂದರು. ಕಾಳೇಗೌಡ ಅವರ ಹತ್ತಿರ ಹೋಗಿ ಆಗತಾನೇ ತೆಗೆದ ಬೆಲ್ಲದ ಚೂರು ಕೈಗಿಟ್ಟು, "ಸರ್ಯಾಗ್ ಕೂಗುದ್ರಿ" ಎಂದ. ನಾನು ತಿರುಗಿಸಿ ಹೇಳಿದಾಗ ಅವರ ಕಣ್ಣು ತುಂಬಿತು. "ಪ್ರಾಣ ಹೋಗಿತ್ತು ಟೀಚರ್ ಜೀ, ಮೂಗು ಹೋಗಿರಲಿಲ್ಲ" ಎಂದರು.

ಅವರು ಹೋದ ಮೇಲೆ ನಾನು ನಿಂಗವ್ವನನ್ನು ತರಾಟೆಗೆ ತೆಗೆದುಕೊಂಡೆ. ನಿಂಗವ್ವ ಕೇರೇ ಮಾಡಲಿಲ್ಲ. "ಆ ಉಡುಗುಂಗೆ ಹೆಣ ಬೇಕಿತ್ತು, ನನಗೆ ಆವಪ್ಪ ಬೇಕಿತ್ತು. ಅದ್ರಾಗೆ ಜಗಳ ಏನೈತೆ?"

ಸುಗ್ಗಿ ಕಳೆಯಿತು, ಪರೀಕ್ಷೆ ಕಳೆಯಿತು, ಬೇಸಗೆ ಕಳೆಯಿತು. ಹುಡುಗ ಎಲ್ಲಿಗೆ ಕತ್ತರಿಸಿದ ಎಂದು ಯಾರಿಗೂ ಗೊತ್ತಿರಲಿಲ್ಲ. ಮಳೆಗಾಲದಲ್ಲಿ ಮೈಸೂರಿನ ಒಂದು ಥಿಯೇಟರಿಗೆ ಆ ಚಿತ್ರ ಬಂದಿದೆ ಎಂದು ತಿಳಿದದ್ದೇ ನಿಂಗವ್ವ, ಕಾಳೇಗೌಡ, ನಾನು ಮೂವರೂ ಬಸ್ಸು ಹತ್ತಿದೆವು. ಶ್ರೀರಂಗಪಟ್ಟಣದ ಸೇತುವೆಯ ಮೇಲೆ ಕೆಂಪಗೆ ಹರಿಯುವ ಹೊಳೆಗೆ ನಿಂಗವ್ವ ಕೈಮುಗಿದು, "ಆವಪ್ಪನ್ನ ಉಳ್ಸು ತಾಯಿ" ಎಂದರು, ಎಲ್ಲ ಪ್ರಯಾಣಿಕರೂ ಯಾರಿಗೋ ಕಾಯಿಲೆ ಜಾಸ್ತಿ ಎಂದುಕೊಂಡರು.

ಖಾಲಿ ಥಿಯೇಟರು. ಚಿತ್ರದ ತುಂಬ ಬಿಶನ್ ಬಾಬು. ನಾಲ್ಕು ಸೀನಲ್ಲ, ಮೊದಲಿನಿಂದ ಕೊನೆಯವರೆಗೆ. ಅಪ್ಪ ಬದುಕಿದ್ದರೆ ಬೆಂಚು ಮುರಿಯುತ್ತಿದ್ದ. ಕೊನೆಯ ಸೀನು ಬಂತು. ಕೈ ಎದೆಗೆ ಹೋಯಿತು. ಕುಸಿದರು. ಮೌನ. ಕತ್ತರಿ ಬಿದ್ದರೆ ಇಲ್ಲೇ ಬೀಳಬೇಕು. ನೋಡಲಾಗದೆ ಕಣ್ಣು ಮುಚ್ಚಿಕೊಂಡೆ. ಪಕ್ಕೆಗೆ ಮೊಣಕೈ ತಿವಿಯಿತು.

"ಟೀಚರಮ್ಮ, ನೋಡಿಲ್ಲಿ, ಬಂದೆ ಕಣವ್ವ ನಾನು!"

ಪರದೆಯ ಮೇಲೆ ನಿಂಗವ್ವ ಬರುತ್ತಿದ್ದರು. "ಇಳಿಸ್ರುಲಾ!" ಎಂಬ ಕೂಗಿಗೆ ನನ್ನ ಇನ್ನೊಂದು ಪಕ್ಕದಲ್ಲಿ ಕಾಳೇಗೌಡ ಸೀಟು ಬಿಟ್ಟು ಅರ್ಧ ಎದ್ದುಬಿಟ್ಟಿದ್ದ. ನಾನು ನಕ್ಕೆನೋ ಅತ್ತೆನೋ ನೆನಪಿಲ್ಲ. ಪಾಕ ತೊಟ್ಟಿ ತುಂಬಿದಲ್ಲಿಗೆ ಚಿತ್ರ ಮುಗಿಯಿತು. ಹುಡುಗನ ಗಡ್ಡಕ್ಕೆ ನಾನು ಮಾಡಿದ ಅವಮಾನವನ್ನೆಲ್ಲ ವಾಪಸ್ಸು ತೆಗೆದುಕೊಂಡೆ.

ಆಮೇಲೆ ಎಷ್ಟೋ ದಿನ ಕಳೆದು ಒಂದು ಸಂಜೆ, ಡೈರಿಯಲ್ಲಿ ಹಾಲು ಹಾಕುವ ಹೊತ್ತಿಗೆ ಅಲ್ಲಿನ ಫೋನು ಬಡಿಯಿತು. ಆ ಹೊತ್ತಿಗೆ ಊರೆಲ್ಲ ಅಲ್ಲೇ ಇರುತ್ತದೆ ಎಂದು ಬಿಶನ್ ಬಾಬುವಿಗೆ ಗೊತ್ತಿತ್ತು. ಸೆಕ್ರೆಟರಿ ನನ್ನನ್ನು ಕೂಗಿದ. ತಮ್ಮ ಊರಿನ ಥಿಯೇಟರಿನ ಪಕ್ಕದ ಎಸ್‌ಟಿಡಿ ಬೂತಿನಿಂದ ಮಾತಾಡುತ್ತಿದ್ದರು. ನೂರು ದನಿ ಬಲ್ಲ ಮನುಷ್ಯನಿಗೆ ಅವತ್ತು ದನಿಯೇ ಇರಲಿಲ್ಲ.

"ಅಮ್ಮ ನೋಡಿದಳು. ಕೊನೆಯವರೆಗೂ ಕೂತು ನೋಡಿದಳು. ದೀಪ ಹಾಕಿದರೂ ಏಳಲಿಲ್ಲ, ಕಷ್ಟಪಟ್ಟು ಈ ಬೂತಿನವರೆಗೆ ಕರೆತಂದೆ. ಒಂದು ಪ್ರಶ್ನೆ ಕೇಳುತ್ತಿದ್ದಾಳೆ, ಉತ್ತರ ಹೇಳದೆ ಮನೆಗೆ ಬರುವುದಿಲ್ಲವಂತೆ. ನನಗೆ ಗೊತ್ತಾಗುತ್ತಿಲ್ಲ ಟೀಚರ್ ಜೀ, ನಾನು ಯಾವತ್ತೂ ಅಷ್ಟು ದೂರ ಹೋದವನಲ್ಲ. ನಿಂಗಮ್ಮಾಜೀಯನ್ನು ಕೇಳಿ ಹೇಳಿ."

"ಏನು ಪ್ರಶ್ನೆ?"

"ಆ ಮುದುಕ ನಾಳೆ ಬೆಳಿಗ್ಗೆ ಏನು ಮಾಡುತ್ತಾನೆ?"

ನಿಂಗವ್ವ ಸರದಿಯಲ್ಲಿ ನಿಂತಿದ್ದರು. ಅಲ್ಲಿಂದಲೇ ಕೂಗಿ ಕೇಳಿದೆ. ಇದೆಂಥ ಪ್ರಶ್ನೆ ಎನ್ನುವ ಹಾಗೆ ನನ್ನನ್ನೇ ನೋಡಿದರು.

"ಇನ್ನೇನ್ ಮಾಡ್ತಾನೆ? ಎದ್ದು ಕೊಪ್ಪರಿಗೆ ತಿಕ್ತಾನೆ. ತಳದಾಗೆ ಪಾಕ ಅಂಟ್ಕಂಡಿರ್ತದಲ್ಲ!"

ಹಿಂದಿಯಲ್ಲಿ ಹೇಳಿದೆ. ಅವರು ಅದನ್ನೇ ಪಕ್ಕದಲ್ಲಿದ್ದವರಿಗೆ ಹೇಳಿದ್ದು ಕೇಳಿಸಿತು. ಆಮೇಲೆ ಫೋನಿನೊಳಗಿಂದ ಬಹಳ ದೂರದ, ಬಹಳ ವಯಸ್ಸಾದ ಒಂದು ಹೆಣ್ಣುದನಿ ಬಂತು.

"ಹಾಗಾದರೆ ಸರಿ. ನಡಿ ಮಗ, ಮನೆಗೆ ಹೋಗೋಣ."